ಅಕ್ಕಿಯ ಕೆಳಗಿನ ಹೆಸರು

ಅಂಗಡಿಗೆ ಬರುವ ಹೆಣ್ಣುಮಕ್ಕಳಲ್ಲಿ ಅರ್ಧಕ್ಕರ್ಧ ಮಂದಿಗೆ ತಮಗೇನು ಬೇಕು ಎಂದು ಹೇಳಲು ಶಬ್ದ ಇರುವುದಿಲ್ಲ. “ಅಂಥಾದ್ದು ಕೊಡ್ರಿ” ಅನ್ನುತ್ತಾರೆ. ಎಂಥಾದ್ದು ಎಂದು ಕೇಳಿದರೆ ಕೈಯನ್ನು ಗಾಳಿಯಲ್ಲಿ ಆಡಿಸಿ, “ಅದ ರೀ, ಆವತ್ತ ನಮ್ಮ ನೆಗೆಣ್ಣಿ ಉಟ್ಟಿದ್ಲಲ್ಲ” ಅನ್ನುತ್ತಾರೆ. ಅವರ ನೆಗೆಣ್ಣಿಯನ್ನು ನಾನು ಎಲ್ಲಿ ನೋಡಬೇಕು? ಆದರೂ ಶಹಾಪುರದಲ್ಲಿ ಇಷ್ಟು ವರ್ಷ ಸೀರೆ ಮಾರಿ ನಾನು ಕಲಿತದ್ದು ಇದೇ. ಗಿರಾಕಿಯ ಬಾಯಲ್ಲಿ ಶಬ್ದ ಇಲ್ಲದಾಗ ಅವಳ ಕಣ್ಣು ನೋಡಬೇಕು. ಒಂದೊಂದೇ ಸೀರೆ ಬಿಚ್ಚಿ ಹಾಕುತ್ತಾ ಹೋಗಬೇಕು. ರಾಮಾ ಹಸಿರು, ಗಿಣಿ ಹಸಿರು, ಉಳ್ಳಾಗಡ್ಡಿ ಸಿಪ್ಪೆಯ ಬಣ್ಣ, ಬದನೆಕಾಯಿ ಬಣ್ಣ, ಅಬೋಲಿ, ಚಂದ್ರಕಾಳಿ. ಎಲ್ಲೋ ಒಂದು ಕಡೆ ಅವಳ ಉಸಿರು ಚೂರು ತಡೆಯುತ್ತದೆ. ಅದೇ ಸೀರೆ. ಹೊಸದಾಗಿ ವ್ಯಾಪಾರಕ್ಕೆ ಇಳಿಯುವವರಿಗೆ ನಾನು ಪುಕ್ಕಟೆ ಕೊಡುವ ಸಲಹೆ ಇದು: ಆಗ ದರದ ಮಾತು ಎತ್ತಬೇಡಿ. ಅವಳೇ ಕೇಳಲಿ.

ನಾನು ಸೈಕಲ್ಲಿನ ಮೇಲೆ ಸೀರೆಯ ಗಂಟು ಕಟ್ಟಿಕೊಂಡು ಪೀರನವಾಡಿ ದಾಟಿ ಖಾನಾಪುರದ ಕಡೆಯ ಹಳ್ಳಿಗಳಿಗೆ ಹೋಗುತ್ತಿದ್ದ ಕಾಲದಿಂದ ಈ ಉಪಾಯ ಕೈಕೊಟ್ಟಿಲ್ಲ. ಕ್ಯಾಂಪಿನ ಮಿಲಿಟರಿ ಬಂಗಲೆಗಳಲ್ಲಿ ಎಲ್ಲೆಲ್ಲಿಂದಲೋ ಬಂದ ಅಧಿಕಾರಿಗಳ ಹೆಂಡಂದಿರು ನನಗೆ ಗೊತ್ತಿಲ್ಲದ ಭಾಷೆಗಳಲ್ಲಿ ಬಣ್ಣ ಕೇಳುತ್ತಿದ್ದರು. ಅಲ್ಲಿಯೂ ನಡೆಯಿತು. ನಡೆಯದೆ ಹೋದದ್ದು ನನ್ನ ಅವ್ವನ ಮುಂದೆ ಮಾತ್ರ.

ಅವ್ವನಿಗೆ ಲಕ್ವಾ ಹೊಡೆದು ಬಲಗೈ ಹೋಯಿತು, ಅದರ ಜೊತೆ ಮಾತೂ ಹೋಯಿತು. ಪೂರ್ತಿ ಹೋಗಿದ್ದರೆ ಒಂದು ರೀತಿ ಸಮಾಧಾನ ಇರುತ್ತಿತ್ತೇನೋ. ಸ್ವಲ್ಪ ಉಳಿಯಿತು. ಅವಳು ಖಾನಾಪುರದ ಆಚೆ ಅಡವಿಯ ಅಂಚಿನ ಹಳ್ಳಿಯವಳು. ಅವರೂ ನಮ್ಮ ಹಾಗೆ ಲಿಂಗಾಯತರೇ, ಆದರೆ ಮನೆಮಾತು ಮರಾಠಿ. ಕನ್ನಡವನ್ನು ಅವಳು ಕಲಿತದ್ದು ಮದುವೆಯಾಗಿ ಶಹಾಪುರಕ್ಕೆ ಬಂದ ಮೇಲೆ, ಅತ್ತೆಯ ಬಾಯಿಂದ, ಅದೂ ಬೈಗುಳದ ಮೂಲಕ. ಆಮೇಲೆ ಜೀವಮಾನವಿಡೀ ಓಣಿಯಲ್ಲಿ ಯಾರಿಗೂ ಸೋಲದ ಹಾಗೆ ಕನ್ನಡ ಆಡಿದಳು. ಲಕ್ವಾ ಬಂದ ದಿನ ಆ ಕನ್ನಡವೆಲ್ಲ ಬಾಡಿಗೆ ಮನೆ ಖಾಲಿ ಮಾಡಿದಂತೆ ಹೊರಟುಹೋಯಿತು. ಉಳಿದದ್ದು ಮರಾಠಿಯ ಕೆಲವು ಚೂರುಗಳು. ಹೀಗೂ ಆಗುವುದುಂಟು ಎಂದರು ಡಾಕ್ಟರು.

ಆ ಚೂರುಗಳಲ್ಲಿ ಅವಳು ಮತ್ತೆ ಮತ್ತೆ ಹೇಳುತ್ತಿದ್ದದ್ದು ಒಂದೇ. “ತೇ ಮ್ಹಣ.” ಅಂದರೆ, ಅದನ್ನು ಅನ್ನು.

ಯಾವುದನ್ನು? ನಾನು ಅನ್ನದೆ ಬಿಟ್ಟದ್ದು ಯಾವುದೂ ಇಲ್ಲ. ಮಂಚದ ಪಕ್ಕ ಕುಳಿತು ಬಾಯಿಗೆ ಬಂದ ವಚನಗಳನ್ನು ಅಂದೆ. ತಲೆ ಅಲ್ಲಾಡಿಸಿದಳು. ದೇವರ ಹೆಸರು ಅಂದೆ. ಸತ್ತ ಅಪ್ಪನ ಹೆಸರು ಅಂದೆ. ಅವಳು ಮಾಡುತ್ತಿದ್ದ ಅಡುಗೆ, ಅವಳು ಇಷ್ಟಪಟ್ಟ ಊರು, ಮುರಿದು ಮಾರಿದ ಅಪ್ಪನ ಕೈಮಗ್ಗ, ಎಲ್ಲವನ್ನೂ ಬಾಯಿಯ ಮೂಲಕ ಬಿಚ್ಚಿ ಅವಳ ಮುಂದೆ ಹಾಸಿದೆ. ಎಲ್ಲಿಯೂ ಅವಳ ಉಸಿರು ತಡೆಯಲಿಲ್ಲ. “ತೇ ಮ್ಹಣ” ಎಂದು ಎಡಗೈಯಿಂದ ನನ್ನ ಅಂಗಿ ಹಿಡಿದು ಜಗ್ಗುತ್ತಿದ್ದಳು.

ನಮ್ಮ ಓಣಿಯಲ್ಲಿ ಪವರ್‌ಲೂಮಿನ ಸದ್ದು ಹಗಲಿಡೀ ಇರುತ್ತದೆ. ಅದರೊಳಗೆ ಬೆಳೆದವರಿಗೆ ಅದು ಸದ್ದೇ ಅಲ್ಲ. ಕರೆಂಟ್ ಹೋಗಿ ಎಲ್ಲ ಮಗ್ಗಗಳು ಒಮ್ಮೆಲೇ ನಿಂತಾಗಲೇ ಕಿವಿಗೆ ಏನೋ ಬಡಿದ ಹಾಗಾಗುವುದು. ಸಂಜೆ ಹಾಗೆ ಮಗ್ಗ ನಿಂತ ಗಳಿಗೆಯಲ್ಲಿ ಅವ್ವ ಕತ್ತು ಹೊರಳಿಸಿ ಬಾಗಿಲ ಕಡೆ ನೋಡುತ್ತಿದ್ದಳು. ಬಾಗಿಲಲ್ಲಿ ಯಾರೂ ಇರುತ್ತಿರಲಿಲ್ಲ. ಆದರೂ ಅವಳು ನೋಡುತ್ತಿದ್ದ ಎತ್ತರ ನನ್ನನ್ನು ಕಾಡುತ್ತಿತ್ತು. ದೊಡ್ಡವರ ಮುಖ ಇರುವ ಎತ್ತರ ಅದಲ್ಲ. ಎಳೆಯ ಹುಡುಗಿಯೊಬ್ಬಳು ಹೊಸ್ತಿಲ ಆಚೆ ನಿಂತಿದ್ದರೆ ಎಲ್ಲಿ ನೋಡಬೇಕೋ ಅಲ್ಲಿ ನೋಡುತ್ತಿದ್ದಳು. ನನ್ನ ಹೆಂಡತಿ ಅದನ್ನು ನನಗಿಂತ ಮೊದಲೇ ಗಮನಿಸಿದ್ದಳು. ದೀಪ ಹಚ್ಚುವ ಹೊತ್ತಿಗೆ ಒಬ್ಬಳೇ ಆ ಕೋಣೆಗೆ ಹೋಗುವುದನ್ನು ಬಿಟ್ಟಿದ್ದಳು.

ಒಂದು ದಿನ ಅವ್ವ ಎಡಗೈಯನ್ನು ತನ್ನ ಎದೆಯ ಮೇಲಿಟ್ಟುಕೊಂಡು, “ಹೀ ಕೋಣ?” ಎಂದು ಕೇಳಿದಳು. ಇವಳು ಯಾರು?

“ನೀ ನಮ್ಮವ್ವ” ಎಂದೆ. ತಲೆ ಅಲ್ಲಾಡಿಸಿದಳು. ಹೆಂಡತಿ ಹತ್ತಿರ ಬಂದು ಅವ್ವನ ಹೆಸರು ಹೇಳಿದಳು, ರೇಷನ್ ಕಾರ್ಡಿನಲ್ಲಿ ಇರುವ ಹೆಸರು. ಅವ್ವ ಸಿಟ್ಟಿನಿಂದ ಮುಖ ತಿರುಗಿಸಿದಳು. ಅವಳು ಎದೆಯ ಮೇಲಿನ ಕೈ ತೆಗೆಯಲಿಲ್ಲ. “ತೇ ಮ್ಹಣ” ಎಂದಳು.

ಹೆಂಡತಿ ಹೊರಗೆ ಬಂದು ನನಗೆ ಮೆಲ್ಲಗೆ ಹೇಳಿದಳು: “ಅವರು ಏನೂ ಬೇಡಾಕತ್ತಿಲ್ರಿ. ಲಗ್ನದಕಿಂತ ಮೊದಲಿನ ಹೆಸರ್ಲೆ ಕರೀರಿ ಅನ್ನಾಕತ್ತಾರ.”

ನಮ್ಮಲ್ಲಿ ಮದುವೆಯ ದಿನ ಹರಿವಾಣದಲ್ಲಿ ಅಕ್ಕಿ ಹರಡಿ, ಗಂಡ ಉಂಗುರದ ತುದಿಯಿಂದ ಅದರಲ್ಲಿ ಹೆಂಡತಿಯ ಹೊಸ ಹೆಸರು ಬರೆಯುತ್ತಾನೆ. ಸುತ್ತ ನಿಂತವರು ಬಾಗಿ ಓದುತ್ತಾರೆ, ನಗುತ್ತಾರೆ. ಅಂದಿನಿಂದ ಅವಳು ಅದೇ. ಹಳೆಯ ಹೆಸರನ್ನು ಯಾರೂ ಅಳಿಸುವುದಿಲ್ಲ. ಕರೆಯುವುದನ್ನು ಬಿಡುತ್ತಾರೆ, ಅಷ್ಟೇ. ನನ್ನ ಅಪ್ಪ ಅಕ್ಕಿಯಲ್ಲಿ ಬರೆದ ಆ ಹೊಸ ಹೆಸರನ್ನಾದರೂ ಬಾಯಿತುಂಬ ಕರೆದನೇ? ಒಂದು ಸಲವೂ ನಾನು ಕೇಳಿಲ್ಲ. “ಏ ಇಕೀನ” ಅನ್ನುತ್ತಿದ್ದ, ಇಲ್ಲವೇ ಸುಮ್ಮನೆ ಕೆಮ್ಮುತ್ತಿದ್ದ. ಕೆಮ್ಮಿಗೆ ಅವ್ವ ಓಡಿ ಬರುತ್ತಿದ್ದಳು.

ನಮ್ಮ ಭಾಷೆಯ ಬಗ್ಗೆ ನನಗೆ ಮೊದಲಿನಿಂದ ಹೆಮ್ಮೆ ಇತ್ತು. ಸಂಬಂಧಗಳಿಗೆ ನಮ್ಮಲ್ಲಿರುವಷ್ಟು ಶಬ್ದ ಎಲ್ಲಿವೆ? ಅತ್ತಿ, ಚಿಗವ್ವ, ದೊಡ್ಡವ್ವ, ವೈನಿ, ನೆಗೆಣ್ಣಿ, ನಾದಿನಿ, ಬೀಗತಿ. ಈಗ ಅದೇ ಅಡ್ಡ ಬಂತು. ಅವ್ವನ ಅಣ್ಣತಮ್ಮಂದಿರು ಯಾರೂ ಉಳಿದಿರಲಿಲ್ಲ. ಅವರ ಮಕ್ಕಳು ಗೋವಾದಲ್ಲಿದ್ದಾರೆ. ಫೋನ್ ಮಾಡಿ ಕೇಳಿದರೆ ಅವರಿಗೆ ಗೊತ್ತಿದ್ದದ್ದು “ಆತ್ಯಾ”, ಅಂದರೆ ಸೋದರತ್ತೆ, ಎಂಬುದೊಂದೇ. ಅವಳ ಹೆಸರು ಏನೆಂದು ಅವರು ಎಂದೂ ಕೇಳಿರಲಿಲ್ಲ, ಕೇಳುವ ಪ್ರಸಂಗವೂ ಬಂದಿರಲಿಲ್ಲ. ಅವ್ವ ಶಾಲೆಯ ಮೆಟ್ಟಿಲು ಹತ್ತಿದವಳಲ್ಲ. ಆದ್ದರಿಂದ ಎಲ್ಲಿಯೂ ಬರೆದಿರುವ ಸಾಧ್ಯತೆ ಇರಲಿಲ್ಲ. ಇಷ್ಟೊಂದು ಶಬ್ದಗಳು ಅವಳ ಮೇಲೆ ಒಂದರ ಮೇಲೊಂದು ಸೀರೆಯ ಹಾಗೆ ಕುಳಿತಿದ್ದವು. ಕೆಳಗಿನದು ಯಾವುದೆಂದು ನೋಡಿದವರಿಲ್ಲ.

ನನ್ನ ಅಂಗಡಿಯ ಗಾದಿಯ ಮೇಲೆ ವಾರಕ್ಕೊಮ್ಮೆ ಬಂದು ಕೂರುವ ಕಾಲೇಜಿನ ಮೇಷ್ಟ್ರು ಒಬ್ಬರಿದ್ದಾರೆ. ಮರಾಠಿ ಕಥೆಗಳನ್ನು ಕನ್ನಡಕ್ಕೆ ಮಾಡುತ್ತಾರೆ. ಚಹಾ ಕುಡಿಯುತ್ತಾ ನನ್ನಿಂದ ಬಟ್ಟೆಬರೆಯ ಶಬ್ದ ಕೇಳಿಕೊಂಡು ಹೋಗುತ್ತಾರೆ. ಆ ದಿನಗಳಲ್ಲಿ ಅವರಿಗೂ ಒಂದು ತೊಡಕು ಬಂದಿತ್ತು. ಅವರು ಅನುವಾದಿಸುತ್ತಿದ್ದ ಕಥೆಯಲ್ಲಿ ಒಬ್ಬ ಹೆಂಗಸು ಮೊದಲಿನಿಂದ ಕೊನೆಯವರೆಗೆ ಹೆಸರೇ ಇಲ್ಲದೆ ಓಡಾಡುತ್ತಾಳೆ. ಓದುವವರಿಗೆ ಗೊಂದಲವಾಗುತ್ತದೆ, ಅವಳಿಗೊಂದು ಹೆಸರು ಇಟ್ಟುಬಿಡಿ ಎಂದು ಪುಸ್ತಕ ಹೊರತರುವವರು ಹೇಳಿದ್ದರಂತೆ. ಏನು ಮಾಡಲಿ ಎಂದು ನನ್ನನ್ನು ಕೇಳಿದರು. ಇಡಬೇಡಿ ಎಂದೆ. ಗಿರಾಕಿ ಹೇಳದ ಬಣ್ಣವನ್ನು ನಾವೇ ಊಹಿಸಿ ಕಟ್ಟಿಕೊಟ್ಟರೆ ಅವಳು ಮನೆಗೆ ಒಯ್ಯುತ್ತಾಳೆ, ಉಡುವುದಿಲ್ಲ. ಮೇಷ್ಟ್ರು ನಕ್ಕು, ಭಾಷಾಂತರದಲ್ಲಿ ಇಲ್ಲದ ಶಬ್ದಕ್ಕಿಂತ ಇದ್ದಂತೆ ಕಾಣುವ ಶಬ್ದ ಹೆಚ್ಚು ಮೋಸ ಮಾಡುತ್ತದೆ ಎಂದರು. ನನಗೆ ಆ ಮಾತು ಹಿಡಿಸಿತು. ಅವ್ವನ ವಿಷಯ ಹೇಳಿದೆ.

ಅವರು ಒಳ್ಳೆಯ ಮನುಷ್ಯ. ಆ ಕಾಲಕ್ಕೆ ಆ ಕಡೆ ಹುಡುಗಿಯರಿಗೆ ಇಡುತ್ತಿದ್ದ ಹೆಸರುಗಳನ್ನೆಲ್ಲ ನೆನಪಿಸಿಕೊಂಡು ಹೇಳಿದರು. ನಾನು ಅವನ್ನು ಬಾಯಿಪಾಠ ಮಾಡಿಕೊಂಡು ಮನೆಗೆ ಬಂದೆ. ಪರರಿಗೆ ಊಹೆ ಬೇಡವೆಂದು ಸಲಹೆ ಕೊಟ್ಟವನು ನನ್ನ ಸರದಿ ಬಂದಾಗ ಊಹೆಗೇ ಇಳಿದೆ. ಅವ್ವನ ಮುಂದೆ ಕುಳಿತು ನದಿಗಳ ಹೆಸರು, ಹೂವಿನ ಹೆಸರು, ದೇವಿಯರ ಹೆಸರು ಒಂದೊಂದಾಗಿ ಕರೆದೆ. ಮೊದಮೊದಲು ಪ್ರತಿ ಹೆಸರಿಗೂ ಅವಳ ಮುಖ ಮೇಲೇಳುತ್ತಿತ್ತು. ಆಮೇಲೆ ಮೆಲ್ಲಗೆ ಏಳುವುದು ನಿಂತಿತು. ಕೊನೆಗೆ ಕಣ್ಣು ಮುಚ್ಚಿಕೊಂಡಳು. ನಾನು ಕರೆದದ್ದಕ್ಕೆ ಬಂದ ಹುಡುಗಿಯರು ಇದು ತಮ್ಮ ಮನೆ ಅಲ್ಲವೆಂದು ಗೊತ್ತಾಗಿ ಕೋಣೆಯ ತುಂಬ ಗೋಡೆಗೆ ಒತ್ತಿ ನಿಂತ ಹಾಗೆ ನನಗೆ ಭಾಸವಾಯಿತು. ಅವರನ್ನು ವಾಪಸ್ ಕಳಿಸುವ ಮಾತು ನನಗೆ ತಿಳಿಯಲಿಲ್ಲ. ಅಂದಿನಿಂದ ಅವ್ವ ಊಟ ಕಡಿಮೆ ಮಾಡಿದಳು. ಹೆಚ್ಚು ಸಮಯವಿಲ್ಲ ಎಂಬುದು ನನಗೂ ಕಂಡಿತು, ಹೆಂಡತಿಗೂ ಕಂಡಿತು.

ನಾನು ಅವ್ವನ ಹಳ್ಳಿಗೆ ಹೋದೆ. ಅವಳ ತವರುಮನೆಯ ಜಾಗದಲ್ಲಿ ಗೋಡೆ ಕುಸಿದು ಕಾಡುಬಳ್ಳಿ ಹಬ್ಬಿತ್ತು. ಬಾಜೂಕೆ ಹಿಟ್ಟಿನ ಗಿರಣಿ ಮಾತ್ರ ಉಳಿದಿತ್ತು. ಗಿರಣಿಯವನು ಹೊಸಬ. ಆದರೆ, ಈ ಊರಲ್ಲಿ ಹುಟ್ಟಿ, ಗಂಡ ಸತ್ತ ಮೇಲೆ ಇಲ್ಲಿಗೇ ತಿರುಗಿ ಬಂದ ಮುದುಕಿ ಒಬ್ಬಳಿದ್ದಾಳೆ, ಖಾನಾಪುರದ ಸಂತೆಯಲ್ಲಿ ಗೆಣಸು ಮಾರುತ್ತಾಳೆ, ಅವಳಿಗೆ ಗೊತ್ತಿದ್ದರೂ ಇರಬಹುದು ಎಂದ.

ಸಂತೆಯ ದಿನ ಹುಡುಕಿಕೊಂಡು ಹೋದೆ. ಕೆಂಪು ಮಣ್ಣು ಮೆತ್ತಿದ ಗೆಣಸಿನ ರಾಶಿಯ ಹಿಂದೆ ಕುಳಿತಿದ್ದಳು. ಗಿರಣಿ ಬಾಜೂದ ಮನೆಯ ಹುಡುಗಿ, ಶಹಾಪುರದ ಮಗ್ಗದವರಿಗೆ ಕೊಟ್ಟಿದ್ದರು ಎಂದು ಹೇಳುತ್ತಿದ್ದಂತೆ ಅವಳ ಕೈ ತಕ್ಕಡಿಯ ಮೇಲೆ ನಿಂತುಬಿಟ್ಟಿತು. ನನ್ನ ಮುಖವನ್ನು ಗೆಣಸು ಆರಿಸುವವರ ಹಾಗೆ ಅತ್ತ ಇತ್ತ ನೋಡಿದಳು.

“ಕಣ್ಣ ಆಕೀವ ಅದಾವ. ಮೂಗ ಮಾತ್ರ ಎಲ್ಲಿಂದ ತಂದೀಯೋ” ಎಂದಳು.

ನನಗೆ ಬೇಕಾದದ್ದನ್ನು ನೇರವಾಗಿ ಕೇಳಬಾರದು ಎಂಬುದು ನನ್ನ ನಿಯಮ. ಅಂದು, ಚಿಗವ್ವ ಅನ್ನುವ ಹಾಗೆ ಮರಾಠಿಯಲ್ಲಿ ಮಾವಶಿ ಎಂದು ಕರೆದು, ನೇರವಾಗಿಯೇ ಕೇಳಿದೆ. “ಮಾವಶಿ, ನಮ್ಮವ್ವನ ಮೊದಲಿನ ಹೆಸರ ಹೇಳ್ರಿ.”

“ಹೇಳಿದ್ರ ಏನ ಕೊಡತಿ?”

ನನ್ನ ಕಾಲಿಗೆ ನೆಲ ಸಿಕ್ಕ ಹಾಗಾಯಿತು. ಕೊಡುವ ಕೊಳ್ಳುವ ಮಾತಿನಲ್ಲಿ ನನ್ನನ್ನು ಮೀರಿಸುವವರು ಈ ತಾಲೂಕಿನಲ್ಲಿ ಕಡಿಮೆ. ನಮ್ಮ ಅಂಗಡಿಗೆ ಬಂದು ಯಾವ ಸೀರೆ ಬೇಕಾದರೂ ಆರಿಸಿಕೊಳ್ಳಿ ಎಂದೆ. ಅವಳು ಬಾಜೂದಲ್ಲಿ ಸೊಪ್ಪು ಮಾರುವವಳ ಕಡೆ ತಿರುಗಿ ನಕ್ಕಳು.

“ಒಮ್ಮೆ ಅಕ್ಕಿ ಹಾಸಿ ಆಕಿ ಹೆಸರ ಮುಚ್ಚಿದ್ರಿ. ಈಗ ಸೀರಿ ಹಾಸಿ ತಗಿಯಾಕ ಬಂದೀಯೇನೋ ಸಾವಕಾರ?”

ಸೊಪ್ಪಿನವಳೂ ನಕ್ಕಳು. ನಾನು ಅಲ್ಲೇ ನೆಲಕ್ಕೆ ಕುಕ್ಕರಗಾಲಲ್ಲಿ ಕುಳಿತು ಎಲ್ಲ ಹೇಳಿದೆ. ಲಕ್ವಾ ಹೊಡೆದದ್ದು, ಕನ್ನಡ ಹೋದದ್ದು, ಎದೆಯ ಮೇಲೆ ಕೈಯಿಟ್ಟು ಇವಳು ಯಾರೆಂದು ಕೇಳಿದ್ದು, ಸಂಜೆ ಬಾಗಿಲ ಕಡೆ ಹೊರಳಿ ನೋಡುವುದು. “ತೇ ಮ್ಹಣ” ಅನ್ನುತ್ತಾಳೆ ಎಂದಾಗ ಮಾವಶಿಯ ನಗು ಇಳಿಯಿತು. ಒಂದು ಗೆಣಸು ಎತ್ತಿಕೊಂಡು ಹೆಬ್ಬೆರಳಿನಿಂದ ಅದರ ಮಣ್ಣು ಉಜ್ಜುತ್ತಾ ಕುಳಿತಳು. ಆ ಹೆಸರನ್ನು ಕೊನೆಯ ಸಲ ಕರೆದವಳು ತಾನೇ ಎಂದು ಹೇಳಿದಳು. ಮದುವೆಯ ದಿಬ್ಬಣ ಹೊರಟಾಗ ಇವಳು ಹಳ್ಳದ ಈಚೆ ದಂಡೆಯಲ್ಲಿ ನಿಂತು ಕರೆದಳಂತೆ. ಬಂಡಿ ಆಚೆ ದಂಡೆ ಏರಿತ್ತು. ಅವ್ವನಿಗೆ ಕೇಳಿಸಿತೋ ಇಲ್ಲವೋ. ತಿರುಗಿ ಓ ಅನ್ನಲಿಲ್ಲ.

“ಹೇಳ್ರಿ ಮಾವಶಿ” ಎಂದೆ.

“ನಿನಗ ಹೇಳಾಂಗಿಲ್ಲ. ನೀ ಕರದ್ರ ಆಕಿ ನಾಚ್ಕೋತಾಳ. ಮಗಾ ಹೆಸರ ಹಿಡದು ಕರದ್ರ ಯಾವ ತಾಯಿ ಓ ಅಂತಾಳ? ನಾನ ಬರ್ತೇನಿ.”

ಹಾಗಾದರೆ ಈಗಲೇ ಏಳಿ, ರಾಶಿಯೆಲ್ಲ ನಾನು ತೆಗೆದುಕೊಳ್ಳುತ್ತೇನೆ ಎಂದೆ. ಅದಕ್ಕೂ ಒಪ್ಪಲಿಲ್ಲ. ಪ್ರತಿ ಸಂತೆಗೆ ಅವಳ ಹತ್ತಿರ ಬರುವ ಗಿರಾಕಿಗಳಿದ್ದಾರೆ, ಅವರು ಬರಿಗೈಲಿ ಹೋಗಬಾರದು. ನಿನಗೆ ಅವಸರ ಇದ್ದರೆ ನೀನೇ ಕೂಗು ಎಂದಳು. ಹೀಗೆ ಶಹಾಪುರದ ಸೀರೆ ವ್ಯಾಪಾರಿಯಾದ ನಾನು ಇಸ್ತ್ರಿ ಅಂಗಿಯ ತೋಳು ಮಡಚಿ ಖಾನಾಪುರದ ಸಂತೆಯಲ್ಲಿ ಮರಾಠಿಯಲ್ಲೊಮ್ಮೆ ಕನ್ನಡದಲ್ಲೊಮ್ಮೆ ಗೆಣಸು ಕೂಗಿದೆ. ಚೌಕಾಶಿ ಮಾಡಲು ಬಂದವರನ್ನು ಅವಳು ನನ್ನ ಕಡೆ ತೋರಿಸಿ, ಇವತ್ತು ಸಾವಕಾರರನ್ನೇ ಕೇಳಿ ಅನ್ನುತ್ತಿದ್ದಳು. ಹೊತ್ತು ಇಳಿಯುವಷ್ಟರಲ್ಲಿ ರಾಶಿ ಕರಗಿತು. ಎಳೆಯ ಗೆಣಸು ಒಂದಿಷ್ಟನ್ನು ಮಾತ್ರ ಸೆರಗಿನ ಗಂಟಿನಲ್ಲಿ ಕಟ್ಟಿಕೊಂಡಳು. ಸುಟ್ಟ ಗೆಣಸೆಂದರೆ ಅವ್ವನಿಗೆ ಜೀವ ಎಂದಳು. ನಮ್ಮ ಮನೆಯಲ್ಲಿ ಗೆಣಸನ್ನು ಯಾವಾಗಲೂ ಬೆಲ್ಲ ಹಾಕಿ ಕುದಿಸುತ್ತಾರೆ. ಅಪ್ಪನಿಗೆ ಹಾಗೆ ಬೇಕಿತ್ತು. ಅವ್ವ ಅದನ್ನೂ ಬಿಟ್ಟುಕೊಟ್ಟಿದ್ದಳು ಎಂದು ನನಗೆ ಗೊತ್ತಾದದ್ದು ಆ ದಿನ, ಪೀರನವಾಡಿಯ ಹತ್ತಿರ, ಗಾಡಿ ಓಡಿಸುತ್ತಿದ್ದಾಗ.

ಮನೆ ಮುಟ್ಟಿದಾಗ ದೀಪದ ಹೊತ್ತು. ಮಗ್ಗಗಳು ನಡೆದಿದ್ದವು. ಮಾವಶಿ ಕಾಲು ತೊಳೆದು, ಗೆಣಸನ್ನು ಅಡುಗೆಮನೆಯ ಒಲೆಯ ಕೆಂಡದಲ್ಲಿ ಹೂತು ಬಂದು, ಅವ್ವನನ್ನು ಎತ್ತಿ ಕೂರಿಸಲು ನನ್ನ ಹೆಂಡತಿಯನ್ನು ಒಳಗೆ ಕರೆದಳು. ನಾನೂ ಹೊಸ್ತಿಲು ದಾಟಲು ಹೋದೆ. ಅಂಗೈ ಅಡ್ಡ ಹಿಡಿದಳು. ಬಾಗಿಲು ಮುಂದೆ ಮಾಡಿದಳು.

ನಾನು ಪಡಸಾಲೆಯಲ್ಲಿ ನಿಂತೆ. ನಿಜ ಹೇಳುತ್ತೇನೆ, ಕಿವಿಯನ್ನು ಬಾಗಿಲಿಗೆ ಹಚ್ಚಿದೆ. ಮಾವಶಿ ಮೆಲ್ಲಗೆ ಕರೆದಿರಬೇಕು. ಓಣಿಯ ಮಗ್ಗಗಳ ಸದ್ದು ಆ ಹೆಸರನ್ನು ನುಂಗಿತು. ಒಳಗೆ ಏನೂ ಆಗಲಿಲ್ಲ. ಮತ್ತೆ ಕರೆದಿರಬೇಕು.

“ಓ.”

ಅದು ಮಗ್ಗಗಳ ಸದ್ದನ್ನು ದಾಟಿ ಬಂತು. ಉದ್ದಕ್ಕೆ, ಎಳೆದು, ನೀರಿನ ಆಚೆ ದಂಡೆಯಿಂದ ಅನ್ನುವ ಹಾಗೆ. ನನ್ನ ಅವ್ವನ ಧ್ವನಿಯನ್ನು ನಾನು ಹುಟ್ಟಿದಾಗಿನಿಂದ ಕೇಳಿದ್ದೇನೆ. ಬೈದಾಗ, ಅತ್ತಾಗ, ಅಪ್ಪನ ಹೆಣದ ಮುಂದೆ. ಆ ಧ್ವನಿ ಅವಳದಾಗಿರಲಿಲ್ಲ. ನನ್ನನ್ನು ಹೆರದ, ನಮ್ಮ ಮನೆಯ ದಾರಿಯೇ ತಿಳಿಯದ ಒಬ್ಬ ಹುಡುಗಿ ಒಳಗಿದ್ದಳು. ಆಮೇಲೆ ಇಬ್ಬರು ನಗುವುದು ಕೇಳಿಸಿತು, ಸುಟ್ಟ ಗೆಣಸಿನ ವಾಸನೆ ಅಡುಗೆಮನೆಯಿಂದ ಬಂತು, ಬಾಗಿಲು ತೆರೆಯಿತು. ಅವ್ವ ನನ್ನನ್ನು ನೋಡಿದಳು. ಪರಿಚಯವಿಲ್ಲದವರನ್ನು ನೋಡುವಷ್ಟು ಮರ್ಯಾದೆಯಿಂದ.

ಅಂದಿನಿಂದ ಅವಳು “ತೇ ಮ್ಹಣ” ಅನ್ನಲಿಲ್ಲ. ಬಾಗಿಲ ಕಡೆ ಹೊರಳಲಿಲ್ಲ. ಆ ಚಳಿಗಾಲ ಕಳೆಯುವುದರೊಳಗೆ ಲಿಂಗೈಕ್ಯಳಾದಳು. ಮಣ್ಣಿಗೆ ಒಯ್ಯುವಾಗ ಎಲ್ಲರೂ ಅಪ್ಪ ಅಕ್ಕಿಯಲ್ಲಿ ಬರೆದ ಹೆಸರನ್ನೇ ಹೇಳಿದರು. ಬೇರೆ ಯಾರನ್ನೋ ಹೂಳುತ್ತಿದ್ದೇವೆ ಎಂದು ನನಗೆ ಒಂದೇ ಸಮನೆ ಅನಿಸುತ್ತಿತ್ತು.

ಮಾವಶಿಯನ್ನು ಆಮೇಲೆಯೂ ಸಂತೆಯಲ್ಲಿ ಕಂಡೆ. ಹೆಸರು ಕೇಳಿದೆ. ಗೆಣಸು ತೂಗಿ ಕೊಟ್ಟಳು, ಹೆಸರು ಕೊಡಲಿಲ್ಲ. ಒಂದು ವರ್ಷ ಅವಳ ಜಾಗದಲ್ಲಿ ಬೇರೆಯವರು ಕುಳಿತಿದ್ದರು. ಎಲ್ಲಿ ಎಂದು ಕೇಳಿದ್ದಕ್ಕೆ ಸೊಪ್ಪಿನವಳು ಆಕಾಶದ ಕಡೆ ಕೈ ತೋರಿಸಿದಳು. ಈಗ ಆ ಹೆಸರು ಈ ಭೂಮಿಯ ಮೇಲೆ ಒಬ್ಬರ ಹತ್ತಿರ ಮಾತ್ರ ಇದೆ, ನನ್ನ ಹೆಂಡತಿಯ ಹತ್ತಿರ. ಆ ಸಂಜೆ ಅವ್ವನ ಬೆನ್ನಿಗೆ ಕೈಕೊಟ್ಟು ಹಿಡಿದು ಕೂತಿದ್ದವಳು ಅವಳೇ. ಎಷ್ಟು ರೀತಿಯಲ್ಲಿ ಕೇಳಿದ್ದೇನೆ. ಪುಸಲಾಯಿಸಿ, ಸಿಟ್ಟು ಮಾಡಿ, ಏನೂ ಬೇಡದವನ ಹಾಗೆ ನಟಿಸಿ. “ಅದು ನಿಮಗ ಬೇಕಾಗಿದ್ದಲ್ರಿ. ಅವರಿಗೆ ಬೇಕಾಗಿತ್ತು, ಅವರಿಗೆ ಮುಟ್ಟೇತಿ” ಅನ್ನುತ್ತಾಳೆ.

ಮೇಷ್ಟ್ರು ತಮ್ಮ ಅನುವಾದ ಅಚ್ಚಾದಾಗ ಒಂದು ಪ್ರತಿ ತಂದುಕೊಟ್ಟರು. ಆ ಹೆಂಗಸಿಗೆ ಹೆಸರು ಇಟ್ಟಿರಲಿಲ್ಲ. ಓದುವವರು ಎಡವಿದರೆ ಎಡವಲಿ ಎಂದರು. ನಾನು ಓದುತ್ತಾ ಹೋದಾಗ ಅವಳನ್ನು ಯಾರಾದರೂ ಕರೆಯಬೇಕಾದ ಕಡೆಗಳಲ್ಲೆಲ್ಲ ನನ್ನ ಕಿವಿ ತಾನಾಗಿ ಆ ‘ಓ’ಗೆ ಕಾಯುತ್ತಿತ್ತು. ಮಗ್ಗ ನಿಂತ ಸಂಜೆಗಳಲ್ಲಿ ಈಗಲೂ ಕಾಯುತ್ತದೆ. ಕೆಲವೊಮ್ಮೆ ಕೇಳಿಸುತ್ತದೆ, ಅದರ ಮುಂದೆ ಇರಬೇಕಾದ ಶಬ್ದ ಮಾತ್ರ ಇರುವುದಿಲ್ಲ.

ಮೊನ್ನೆ ಹಾಗೆಯೇ ಕರೆಂಟ್ ಹೋಯಿತು. ಓಣಿ ಸ್ತಬ್ಧವಾಯಿತು. ಹೆಂಡತಿ ಹೊಸ್ತಿಲಲ್ಲಿ ನನಗೆ ಬೆನ್ನು ಮಾಡಿ ಕುಳಿತು ಮೆಂತ್ಯೆ ಸೊಪ್ಪಿನ ಎಲೆ ಬಿಡಿಸುತ್ತಿದ್ದಳು. ಅವಳ ಹೆಸರನ್ನೂ ನಾನು ಅಕ್ಕಿಯಲ್ಲಿ ಬದಲಿಸಿದವನೇ. ಹಳೆಯದು ನನಗೆ ಗೊತ್ತಿದೆ, ಲಗ್ನಪತ್ರಿಕೆಯಲ್ಲಿ ಅಚ್ಚಾಗಿತ್ತು. ಆದರೆ ಅದು ಒಮ್ಮೆಯೂ ನನ್ನ ನಾಲಿಗೆಗೆ ಬಂದಿರಲಿಲ್ಲ. ಅಂದು ಯಾಕೋ, ತುಟಿಯ ಹೊರಗೆ ಬೀಳುವಷ್ಟು ಮಾತ್ರ, ಅಂದೆ.

“ಓ” ಎಂದಳು, ಕೈಯ ಕೆಲಸ ನಿಲ್ಲಿಸದೆ, ನಾನು ಎಂದೂ ಕೇಳಿರದ ಧ್ವನಿಯಲ್ಲಿ. ಆಮೇಲೆ ಕೈ ನಿಂತಿತು. ಮೆಲ್ಲಗೆ ತಿರುಗಿ, ನನ್ನನ್ನು ದಾಟಿ, ಒಳಗಿನ ಕತ್ತಲಲ್ಲಿ ಕರೆದವರು ಯಾರೆಂದು ನೋಡಿದಳು.